ಊರಿಗೊಂದು ಪಲ್ಟನ್

ಟೆರಿಟೋರಿಯಲ್ ಆರ್ಮಿ ಅಂದ ಕೂಡಲೇ ನಮ್ಮಲ್ಲಿ ಹೆಚ್ಚಿನವರಿಗೆ ನೆನಪಾಗೋದು ಧೋನಿ. 2011ರಲ್ಲಿ ಗೌರವ ಲೆಫ್ಟಿನೆಂಟ್ ಕರ್ನಲ್ ಪದವಿ ಸಿಕ್ಕಿದ್ದು, 2019ರಲ್ಲಿ ಕ್ರಿಕೆಟ್ ಬಿಟ್ಟು ಎರಡು ವಾರ ಕಾಶ್ಮೀರದಲ್ಲಿ ಡ್ಯೂಟಿ ಮಾಡಿದ್ದು ಎಲ್ಲ ಪೇಪರಿನಲ್ಲಿ ಬಂದಿತ್ತು. ಆ 106ನೇ ಪ್ಯಾರಾ ಬೆಟಾಲಿಯನ್ ಇರೋದು ನಮ್ಮ ಬೆಂಗಳೂರಲ್ಲೇ. ಬೇರೆ ಉದ್ಯೋಗ ಇಟ್ಟುಕೊಂಡೇ ಬಿಡುವಿನಲ್ಲಿ ಸೈನಿಕರಾಗುವವರ ಪಡೆ ಅದು, ಇಷ್ಟೇ ನನಗೂ ಗೊತ್ತಿದ್ದದ್ದು. ಆಫೀಸಿನ ಕೆಲಸದ ಮೇಲೆ ಕೆಲವು ತಿಂಗಳು ಎಡಿನ್‌ಬರ್ಗ್‌ನಲ್ಲಿ ಇರಬೇಕಾಗಿ ಬಂದಾಗ ಈ ಹೆಸರಿನ ಹಿಂದೆ ಎಂಥಾ ಕಥೆ ಇದೆ ಅಂತ ತಿಳೀತು. ಬರೀಬೇಕು ಬರೀಬೇಕು ಅಂದ್ಕೊಂಡು ತುಂಬಾ ದಿನ ಆಯ್ತು, ಇವತ್ತು ಕೂತಿದ್ದೀನಿ.

ಎಡಿನ್‌ಬರ್ಗ್‌ಗೆ ಅಂಟಿಕೊಂಡೇ ಲೀತ್ ಅಂತ ಒಂದು ಹಳೆಯ ಬಂದರು ಇದೆ. ಈಗ ಅದು ಎಡಿನ್‌ಬರ್ಗ್ ನಗರದ್ದೇ ಭಾಗ, 1920ಕ್ಕೆ ಮೊದಲು ಬೇರೆಯೇ ಊರು. ಒಂದು ಭಾನುವಾರ ಮಾಡೋಕೆ ಕೆಲಸ ಇಲ್ಲದೆ ಆ ಕಡೆ ನಡೆಯುತ್ತಾ ಹೋದವನು ರೋಸ್‌ಬ್ಯಾಂಕ್ ಅನ್ನೋ ಸ್ಮಶಾನದೊಳಗೆ ಹೊಕ್ಕೆ. (ಊರಲ್ಲಿ ಇದ್ದಿದ್ರೆ ಅಮ್ಮ ಬೈದಿರೋರು, ಅಲ್ಲಿ ಸ್ಮಶಾನ ಅಂದ್ರೆ ಪಾರ್ಕ್ ಇದ್ದ ಹಾಗೆ.) ಅಲ್ಲಿ ಒಂದು ಎತ್ತರದ ಕಲ್ಲಿನ ಶಿಲುಬೆ, ಪಕ್ಕದಲ್ಲಿ ಉದ್ದಕ್ಕೆ ಹೆಸರುಗಳ ಫಲಕಗಳು. ಎಲ್ಲರೂ ಏಳನೇ ರಾಯಲ್ ಸ್ಕಾಟ್ಸ್ ಬೆಟಾಲಿಯನ್ನಿನವರು. ತಾರೀಖು 22 ಮೇ 1915. ಮೊದಲನೇ ಮಹಾಯುದ್ಧದಲ್ಲಿ ಸತ್ತವರು ಇರಬೇಕು ಅಂದ್ಕೊಂಡೆ. ಆಮೇಲೆ ಓದಿದರೆ ಯಾರೂ ಯುದ್ಧದಲ್ಲಿ ಸತ್ತವರಲ್ಲ! ಯುದ್ಧಕ್ಕೆ ಹೊರಟ ರೈಲಿನಲ್ಲೇ, ಸ್ಕಾಟ್‌ಲೆಂಡ್ ಗಡಿ ದಾಟುವ ಮುಂಚೆಯೇ ಸತ್ತವರು. ಹೆಚ್ಚಿನವರು ಲೀತ್ ಮತ್ತು ಪಕ್ಕದ ಮಸಲ್‌ಬರ್ಗ್ ಊರಿನವರು.

ಇಷ್ಟು ಜನ ಒಂದೇ ಊರಿನವರು, ಒಂದೇ ರೈಲಿನಲ್ಲಿ ಹೇಗೆ ಇದ್ದರು? ಈ ಪ್ರಶ್ನೆ ಹಿಡಿದುಕೊಂಡು ಹೋದರೆ ಆ ಪಡೆಯ ಇತಿಹಾಸವೇ ಬಿಚ್ಚಿಕೊಳ್ಳುತ್ತೆ.

ಬ್ರಿಟನ್ನಿನ ಜನಕ್ಕೆ ಮೊದಲಿಂದಲೂ ದೊಡ್ಡ ಕಾಯಂ ಸೈನ್ಯ ಅಂದ್ರೆ ಅಷ್ಟಕ್ಕಷ್ಟೆ. ನೌಕಾಪಡೆ ಇದೆಯಲ್ಲ, ಸಾಕು ಅನ್ನೋ ಭಾವನೆ. ಇದ್ದ ಸೈನ್ಯದಲ್ಲೂ ಅರ್ಧಕ್ಕರ್ಧ ನಮ್ಮ ದೇಶದಲ್ಲೋ ಇನ್ಯಾವುದೋ ವಸಾಹತಿನಲ್ಲೋ ಇರ್ತಿತ್ತು. ಹಾಗಾಗಿ ಊರು ಕಾಯೋದಕ್ಕೆ ಊರಿನವರೇ ಬೇಕು. 1859ರಲ್ಲಿ ಫ್ರಾನ್ಸ್ ದಾಳಿ ಮಾಡಬಹುದು ಅಂತ ಗಾಬರಿ ಎದ್ದಾಗ ಊರೂರಲ್ಲಿ ವಾಲಂಟಿಯರ್ ರೈಫಲ್ ಪಡೆಗಳು ಹುಟ್ಟಿಕೊಂಡವು. ವಕೀಲರದ್ದೊಂದು, ಕಾರ್ಖಾನೆಯವರದ್ದೊಂದು, ಲಂಡನ್ನಿನಲ್ಲಿರೋ ಸ್ಕಾಟ್‌ಲೆಂಡಿನವರದ್ದೇ ಒಂದು. ಸೈನ್ಯಕ್ಕಿಂತ ಹೆಚ್ಚಾಗಿ ನಮ್ಮ ಕಡೆ ಯುವಕ ಸಂಘ ಇದ್ದ ಹಾಗೆ. ಯೂನಿಫಾರಂ, ಬಂದೂಕಿನ ಖರ್ಚನ್ನು ಎಷ್ಟೋ ಕಡೆ ಅವರೇ ಹಾಕಿಕೊಳ್ಳುತ್ತಿದ್ದರು. 1881ರಲ್ಲಿ ಕಾಲ್ದಳದ ರೆಜಿಮೆಂಟುಗಳಿಗೆ ಕೌಂಟಿಗಳ (ನಮ್ಮ ಜಿಲ್ಲೆ ಅಂದ್ಕೊಳ್ಳಿ) ಹೆಸರಿಟ್ಟು, ಈ ಊರ ಪಡೆಗಳನ್ನು ಆಯಾ ರೆಜಿಮೆಂಟಿಗೆ ಕಟ್ಟಿಹಾಕಿದರು.

ಮುಂದೆ ದಕ್ಷಿಣ ಆಫ್ರಿಕಾದ ಬೋಯರ್ ಯುದ್ಧದಲ್ಲಿ (1899-1902) ಬ್ರಿಟಿಷರಿಗೆ ಸಾಕೋ ಸಾಕಾಯ್ತು. ಇದನ್ನೆಲ್ಲ ಸರಿಮಾಡೋಕೆ ಬಂದವನು ಯುದ್ಧಮಂತ್ರಿ ಹಾಲ್ಡೇನ್. ಹುಟ್ಟಿದ್ದು ಎಡಿನ್‌ಬರ್ಗ್‌ನಲ್ಲೇ, ವೃತ್ತಿಯಿಂದ ವಕೀಲ, ಜರ್ಮನ್ ತತ್ವಜ್ಞಾನ ಅಂದ್ರೆ ಪ್ರಾಣ. ಶೋಪೆನ್‌ಹಾವರ್‌ನನ್ನು ಇಂಗ್ಲಿಷಿಗೆ ತಂದವರಲ್ಲಿ ಒಬ್ಬ! ಅವನು 1907ರಲ್ಲಿ ತಂದ ಕಾನೂನಿನಿಂದ 1908ರ ಏಪ್ರಿಲ್ 1ಕ್ಕೆ ಟೆರಿಟೋರಿಯಲ್ ಫೋರ್ಸ್ ಶುರುವಾಯ್ತು. ಒಟ್ಟು 14 ಕಾಲ್ದಳ ಡಿವಿಜನ್, 14 ಕುದುರೆ ಬ್ರಿಗೇಡ್. ನೋಡಿಕೊಳ್ಳುವ ಜವಾಬ್ದಾರಿ ಪ್ರತಿ ಕೌಂಟಿಯ ಸಂಘಕ್ಕೆ. ರಾಯಲ್ ಸ್ಕಾಟ್ಸ್ ರೆಜಿಮೆಂಟನ್ನೇ ತಗೊಳ್ಳಿ. ಒಂದು ಮತ್ತು ಎರಡನೇ ಬೆಟಾಲಿಯನ್ ಕಾಯಂ ಸೈನಿಕರದ್ದು, ಮೂರನೆಯದು ಅವರಿಗೆ ಜನ ಒದಗಿಸೋದಕ್ಕೆ, ನಾಲ್ಕರಿಂದ ಹತ್ತರವರೆಗೆ ಊರವರ ಟೆರಿಟೋರಿಯಲ್ ಬೆಟಾಲಿಯನ್‌ಗಳು. ಲೀತ್‌ನದ್ದು ಏಳನೆಯದು.

ಹಗಲೆಲ್ಲ ಬಂದರಿನಲ್ಲಿ, ಅಂಗಡಿಯಲ್ಲಿ, ಆಫೀಸಿನಲ್ಲಿ ಕೆಲಸ. ಸಂಜೆ ಡ್ರಿಲ್ ಹಾಲಿನಲ್ಲಿ ಕವಾಯತು. ವರ್ಷಕ್ಕೊಮ್ಮೆ ಎರಡು ವಾರ ಕ್ಯಾಂಪು. ಎಷ್ಟೋ ಬಡ ಹುಡುಗರಿಗೆ ವರ್ಷದಲ್ಲಿ ಊರು ಬಿಟ್ಟು ಹೋಗೋ ರಜೆ ಅಂದ್ರೆ ಅದೊಂದೇ! ಅಣ್ಣ ಸೇರಿದರೆ ತಮ್ಮನೂ ಸೇರ್ತಿದ್ದ, ಜೊತೆಗೆ ಕೆಲಸ ಮಾಡೋ ಗೆಳೆಯರೂ.

ಇಲ್ಲಿ ಸರ್ಕಾರ ಅವರಿಗೆ ಎರಡು ಮಾತು ಕೊಟ್ಟಿತ್ತು. ಒಂದು, ನೀವಾಗಿ ಒಪ್ಪದೆ ನಿಮ್ಮನ್ನು ದೇಶದ ಹೊರಗೆ ಕಳಿಸೋದಿಲ್ಲ. ಎರಡು, ನಿಮ್ಮನ್ನು ನಿಮ್ಮೂರಿನವರ ಜೊತೆಯಿಂದ ಬೇರ್ಪಡಿಸಿ ಬೇರೆ ಪಡೆಗೆ ಹಾಕೋದಿಲ್ಲ. ಮುಂದಿನ ಕಥೆಯೆಲ್ಲ ಈ ಎರಡು ಮಾತು ಏನಾದವು ಅನ್ನೋದೇ.

1914ರ ಆಗಸ್ಟ್‌ನಲ್ಲಿ ಯುದ್ಧ ಶುರುವಾದಾಗ ಮೊದಲನೇ ಮಾತನ್ನು ಯಾರೂ ಮುರೀಲಿಲ್ಲ. ಸಾಲಾಗಿ ನಿಲ್ಲಿಸಿ, ಹೊರದೇಶಕ್ಕೆ ಹೋಗೋಕೆ ತಯಾರಿದ್ದೀರಾ ಅಂತ ಕೇಳಿದರು ಅಷ್ಟೆ. ಪಕ್ಕದಲ್ಲಿ ನಿಂತ ಗೆಳೆಯ ಹೂಂ ಅಂದಮೇಲೆ ನೀವು ಉಹೂಂ ಅನ್ನೋಕಾಗುತ್ತಾ? ಊರಿನ ಪಲ್ಟನ್ನಿನ ಶಕ್ತಿ ಇರೋದೂ ಅಲ್ಲೇ, ಅಪಾಯ ಇರೋದೂ ಅಲ್ಲೇ ಅಂತ ನನಗನ್ನಿಸುತ್ತೆ. ಯುದ್ಧಮಂತ್ರಿಯಾಗಿ ಬಂದ ಕಿಚನರ್‌ಗೆ ಈ ಅರೆಕಾಲಿಕರ ಮೇಲೆ ನಂಬಿಕೆ ಕಡಿಮೆ, ಅವನು ಬೇರೆಯೇ ಹೊಸ ಸೈನ್ಯ ಕಟ್ಟಲು ಹೊರಟ. ಆದರೆ ಆ ಹೊಸ ಸೈನ್ಯ ತಯಾರಾಗುವ ಮುಂಚೆ ಫ್ರಾನ್ಸಿನಲ್ಲಿ ಬಿದ್ದ ತೂತು ಮುಚ್ಚಿದವರಲ್ಲಿ ಇವರೂ ಇದ್ದರು. ಲಂಡನ್ ಸ್ಕಾಟಿಷ್ ಬೆಟಾಲಿಯನ್ 1914ರ ಅಕ್ಟೋಬರ್ 31ರಂದು ಬೆಲ್ಜಿಯಂನ ಮೆಸಿನ್ಸ್ ಹತ್ತಿರ ಕಾಳಗಕ್ಕೆ ಇಳಿಯಿತು. ಟೆರಿಟೋರಿಯಲ್ ಕಾಲ್ದಳದಲ್ಲಿ ಮೊದಲು ಹೋರಾಡಿದ್ದು ಅದೇ. ಒಂದು ರಾತ್ರಿ ಕಳೆಯೋದರಲ್ಲಿ ಅರ್ಧದಷ್ಟು ಜನ ಇಲ್ಲ.

ಇನ್ನು ಲೀತ್‌ನವರ ಕಥೆ. ಏಳನೇ ರಾಯಲ್ ಸ್ಕಾಟ್ಸ್‌ಗೆ 1915ರ ಮೇ ತಿಂಗಳಲ್ಲಿ ಟರ್ಕಿಯ ಗ್ಯಾಲಿಪೊಲಿಗೆ ಹೊರಡಲು ಆರ್ಡರ್ ಬಂತು. 22ನೇ ತಾರೀಖು ಬೆಳಗಿನ ಜಾವ ಲಾರ್ಬರ್ಟ್‌ನಿಂದ ಅರ್ಧ ಬೆಟಾಲಿಯನ್, ಹತ್ತಿರ ಹತ್ತಿರ 500 ಜನ, ಲಿವರ್‌ಪೂಲ್ ಬಂದರಿನ ಕಡೆ ರೈಲು ಹತ್ತಿದರು. ಯುದ್ಧಕಾಲದಲ್ಲಿ ಬೋಗಿಗಳ ಕೊರತೆ. ಹಳೆಯ ಮರದ ಬೋಗಿಗಳು, ದೀಪಕ್ಕೆ ಗ್ಯಾಸು. ಗಡಿಯ ಹತ್ತಿರ ಕ್ವಿಂಟಿನ್ಸ್‌ಹಿಲ್ ಅನ್ನೋ ಜಾಗದಲ್ಲಿ ಒಂದು ಲೋಕಲ್ ಗಾಡಿಯನ್ನು ಪಕ್ಕದ ಹಳಿಗೆ ತಂದು ನಿಲ್ಲಿಸಿದ್ದರು. ಡ್ಯೂಟಿ ಬದಲಾಗುವ ಹೊತ್ತು. ಆ ಗಾಡಿ ಅಲ್ಲಿರೋದನ್ನೇ ಸಿಗ್ನಲ್‌ಮನ್‌ಗಳು ಮರೆತರು, ಅದೇ ಹಳಿಯ ಮೇಲೆ ಸೈನಿಕರ ರೈಲಿಗೆ ದಾರಿ ಕೊಟ್ಟರು. ಬೆಳಿಗ್ಗೆ 6.49ಕ್ಕೆ ಡಿಕ್ಕಿ. ಒಂದು ನಿಮಿಷದೊಳಗೆ ಆ ಕಡೆಯಿಂದ ಬಂದ ಲಂಡನ್ ಎಕ್ಸ್‌ಪ್ರೆಸ್ ಆ ರಾಶಿಯೊಳಗೇ ನುಗ್ಗಿತು. ಗ್ಯಾಸಿಗೆ ಬೆಂಕಿ ಹಿಡೀತು.

ಸತ್ತವರು ಒಟ್ಟು 220ಕ್ಕೂ ಹೆಚ್ಚು. ಅದರಲ್ಲಿ 200ಕ್ಕೂ ಮೇಲ್ಪಟ್ಟು ಈ ಬೆಟಾಲಿಯನ್ನಿನವರೇ. ಇವತ್ತಿಗೂ ಬ್ರಿಟನ್ನಿನ ರೈಲು ಇತಿಹಾಸದಲ್ಲಿ ಇಷ್ಟು ದೊಡ್ಡ ಸಾವು ಇನ್ನೊಂದಿಲ್ಲ. ಆಮೇಲೆ ಹಾಜರಿ ಕರೆದಾಗ ಗಾಯವಿಲ್ಲದೆ ಉತ್ತರ ಕೊಟ್ಟವರು ಅರವತ್ತರ ಆಸುಪಾಸು. ಎಷ್ಟೋ ದೇಹಗಳ ಗುರುತೇ ಸಿಗಲಿಲ್ಲ. ಅವನ್ನು ತಂದು ಮಲಗಿಸಿದ್ದು ಲೀತ್‌ನ ಡಾಲ್‌ಮೆನಿ ಬೀದಿಯ ಡ್ರಿಲ್ ಹಾಲಿನಲ್ಲಿ. ಸಂಜೆ ಕವಾಯತು ಮಾಡ್ತಿದ್ದರಲ್ಲ, ಅದೇ ಹಾಲು. 24ನೇ ತಾರೀಖು ಅಲ್ಲಿಂದ ರೋಸ್‌ಬ್ಯಾಂಕ್‌ವರೆಗೆ ಮೆರವಣಿಗೆ. ದಾರಿಯುದ್ದಕ್ಕೂ ಜನ. ಅದರ ಮರುದಿನವೇ ಲಂಡನ್ನಿನಲ್ಲಿ ಹೊಸ ಮಂತ್ರಿಮಂಡಲ ಬಂತು. ಜರ್ಮನಿಯ ಪಕ್ಷಪಾತಿ ಅಂತ ಪತ್ರಿಕೆಗಳು ಹೀಯಾಳಿಸಿದ್ದ ಹಾಲ್ಡೇನ್‌ಗೆ ಅದರಲ್ಲಿ ಜಾಗ ಇರಲಿಲ್ಲ.

ಇಷ್ಟಕ್ಕೇ ಮುಗೀಲಿಲ್ಲ. ಬೇರೆ ರೈಲಿನಲ್ಲಿ ಹೋಗಿದ್ದ ಉಳಿದರ್ಧ ಬೆಟಾಲಿಯನ್ ಗ್ಯಾಲಿಪೊಲಿ ತಲುಪಿತು. ಜೂನ್ 28ರಂದು ಗಲ್ಲಿ ರವೀನ್ ಅನ್ನೋ ಕಡೆ ದಾಳಿ ಮಾಡಿದಾಗ ಅವರಲ್ಲೂ ಬಹಳ ಜನ ಬಿದ್ದರು. ಐದೇ ವಾರ. ಒಂದೇ ಬೀದಿಯ ಮನೆಮನೆಗೆ ಎರಡನೇ ಸಲ ಸುದ್ದಿ. ಸೈನ್ಯದ ಲೆಕ್ಕದಲ್ಲಿ ಅದು ಒಂದು ಬೆಟಾಲಿಯನ್ ಅಷ್ಟೆ. ಲೀತ್‌ಗೆ ಅದು ಒಂದು ಇಡೀ ಪೀಳಿಗೆ.

ಎರಡನೇ ಮಾತು ಮುರಿದದ್ದು 1916ರಲ್ಲಿ. ಕಡ್ಡಾಯ ಸೈನ್ಯ ಸೇವೆಯ ಕಾನೂನುಗಳು ಬಂದಮೇಲೆ ಟೆರಿಟೋರಿಯಲ್ ಸೈನಿಕನನ್ನು ಎಲ್ಲಿ ಬೇಕಾದರೂ, ಯಾವ ಪಡೆಗೆ ಬೇಕಾದರೂ ಹಾಕಬಹುದಾಯಿತು. ಹೆಸರು ಊರಿನದ್ದು, ಜನ ಎಲ್ಲೆಲ್ಲಿನವರೋ. ಲೀತ್‌ನಂಥ ಊರುಗಳನ್ನು ನೆನೆದರೆ ಇದು ಒಳ್ಳೆಯದೇ ಆಯ್ತಲ್ಲ ಅಂತಲೂ ಅನ್ನಿಸುತ್ತೆ. ಆದರೆ ಸೇರಿದವನು ಸೇರಿದ್ದೇ ಆ ಮಾತಿನ ಮೇಲೆ ತಾನೇ?

ಈ ಕಥೆಗೆ ನಮ್ಮ ದೇಶದ ನಂಟೂ ಇದೆ. 1914ರಲ್ಲಿ ಭಾರತದಲ್ಲಿದ್ದ ಕಾಯಂ ಬ್ರಿಟಿಷ್ ಸೈನಿಕರನ್ನು ಫ್ರಾನ್ಸಿಗೆ ಕರೆಸಿಕೊಳ್ಳೋಕೆ ಅವರ ಜಾಗಕ್ಕೆ ಯಾರಾದರೂ ಬೇಕಿತ್ತಲ್ಲ. ವೆಸೆಕ್ಸ್, ಹೋಮ್ ಕೌಂಟೀಸ್, ಎರಡನೇ ವೆಸೆಕ್ಸ್ ಅಂತ ಮೂರು ಟೆರಿಟೋರಿಯಲ್ ಡಿವಿಜನ್‌ಗಳ ಕಾಲ್ದಳವನ್ನು ಹಡಗಿನಲ್ಲಿ ಇಲ್ಲಿಗೆ ಕಳಿಸಿದರು. ಮೊದಲ ತಂಡ ನವೆಂಬರ್‌ನಲ್ಲೇ ಬೊಂಬಾಯಿಗೆ ಬಂದಿಳಿಯಿತು. ಕೆಲವರು ಇಲ್ಲಿಂದ ಇರಾಕಿಗೆ ಹೋಗಿ ಸತ್ತರು. ಇನ್ನೆಷ್ಟೋ ಜನ 1919ರವರೆಗೆ ಇಲ್ಲೇ ಉಳಿದರು.

1916ರಲ್ಲಿ ಹಾಗೇ ಬಂದ ಇನ್ನೊಂದು ಪಡೆ 25ನೇ ಲಂಡನ್ ಬೆಟಾಲಿಯನ್. ಮೂಲದಲ್ಲಿ ಅದು ಸೈಕಲ್ ಪಡೆ! ಸೈಕಲ್ ತುಳಿದುಕೊಂಡು ಇಂಗ್ಲೆಂಡಿನ ಕರಾವಳಿ ಕಾಯೋದು ಅವರ ಕೆಲಸ ಆಗಿತ್ತು. ಸೈಕಲ್ ಬಿಡಿಸಿ, ಕಾಲ್ದಳ ಮಾಡಿ ಇಲ್ಲಿಗೆ ತಂದರು. ಯುದ್ಧ ಮುಗಿದು ಮನೆಗೆ ಯಾವಾಗ ಅಂತ ಕಾಯ್ತಿದ್ದವರಿಗೆ 1919ರ ಏಪ್ರಿಲ್‌ನಲ್ಲಿ ಸಿಕ್ಕಿದ್ದು ಅಮೃತಸರ. ಜಲಂಧರ್‌ನಿಂದ ಅಲ್ಲಿಗೆ ಕಳಿಸಿದ ಪಡೆಯಲ್ಲಿ ಇವರ 100 ಜನ ಇದ್ದರು. ಏಪ್ರಿಲ್ 13ರಂದು ಜಲಿಯನ್‌ವಾಲಾ ಬಾಗ್‌ನಲ್ಲಿ ಗುಂಡು ಹಾರಿಸಿದವರು ಇವರಲ್ಲ, ಗೂರ್ಖಾ ಮತ್ತು ಇತರ ಭಾರತೀಯ ಪಡೆಯ ಸೈನಿಕರು. ಆದರೆ ಆರು ದಿನ ಬಿಟ್ಟು ಡಯರ್ ಇನ್ನೊಂದು ಆಜ್ಞೆ ಹೊರಡಿಸಿದ. ಇಂಗ್ಲಿಷ್ ಮಹಿಳೆಯೊಬ್ಬಳ ಮೇಲೆ ಹಲ್ಲೆಯಾದ ಗಲ್ಲಿಯಲ್ಲಿ ಭಾರತೀಯರು ಯಾರೇ ಹೋದರೂ ತೆವಳಿಕೊಂಡೇ ಹೋಗಬೇಕು ಅಂತ. ಅಲ್ಲಿ ಬಂದೂಕು ಹಿಡಿದು ಕಾವಲು ನಿಂತವರಲ್ಲಿ ಈ ಲಂಡನ್ನಿನವರಿದ್ದರು. ಹೊಟ್ಟೆಯ ಮೇಲೆ ತೆವಳುತ್ತಿರುವವರ, ನಿಂತು ನೋಡುತ್ತಿರುವ ಸೈನಿಕರ ಫೋಟೋಗಳು ಇವೆ.

ಇದನ್ನು ಓದಿದ ದಿನ ಮನಸ್ಸಿಗೆ ಕಸಿವಿಸಿ. ರೋಸ್‌ಬ್ಯಾಂಕ್‌ನಲ್ಲಿ ಹೆಸರು ಓದುತ್ತಾ ನನಗೆ ಆ ಹುಡುಗರ ಮೇಲೆ ಮರುಕ ಹುಟ್ಟಿತ್ತು. ಅಮೃತಸರದ ಗಲ್ಲಿಯಲ್ಲಿ ನಿಂತವರೂ ಅಂಥದ್ದೇ ಪಡೆಯವರು, ತಮ್ಮೂರು ಕಾಯ್ತೀವಿ ಅಂತ ಸೇರಿದವರು. ತಮ್ಮೂರಿನಿಂದ ಸಾವಿರಾರು ಮೈಲಿ ದೂರ, ಇನ್ನೊಬ್ಬರ ಊರಿನಲ್ಲಿ ಅವರು ಕಾಯುತ್ತಾ ಇದ್ದದ್ದು ಏನನ್ನ? ಆ ಗಲ್ಲಿಯಲ್ಲೂ ಮನೆಗಳಿದ್ದವು, ಅಲ್ಲಿಯವರಿಗೂ ಅದು ಊರೇ. ಮರುಕ ಹೋಗಿಲ್ಲ, ಆದರೆ ಮೊದಲಿನಷ್ಟು ಸಲೀಸಾಗಿ ಬರೋದಿಲ್ಲ.

ಆಮೇಲಿನದ್ದು ಚುಟುಕಾಗಿ. 1920ರ ನಂತರ ಇದೇ ಪಡೆ ಟೆರಿಟೋರಿಯಲ್ ಆರ್ಮಿ ಆಯಿತು. 1939ರಲ್ಲಿ ಯುದ್ಧದ ಹೊಸ್ತಿಲಲ್ಲಿ ಅದನ್ನು ಕಾಗದದ ಮೇಲೆ ರಾತ್ರೋರಾತ್ರಿ ದುಪ್ಪಟ್ಟು ಮಾಡಿದರು. ಊರಿನ ಪೆಟ್ಟು ಮತ್ತೆ ಬಿತ್ತು. ಇಂಗ್ಲೆಂಡಿನ ಪೂರ್ವದ ನಾರ್ಫೋಕ್, ಸಫೋಕ್, ಕೇಂಬ್ರಿಡ್ಜ್‌ಶೈರ್ ಬೆಟಾಲಿಯನ್‌ಗಳಿದ್ದ 18ನೇ ಡಿವಿಜನ್ 1942ರಲ್ಲಿ ಸಿಂಗಪುರಕ್ಕೆ ಬಂದಿಳಿದು ಕೆಲವೇ ವಾರಕ್ಕೆ ಜಪಾನಿನ ಸೆರೆಯಾಯಿತು. ಎಷ್ಟೋ ಜನ ಬರ್ಮಾ ರೈಲು ಹಾದಿಯ ಕೆಲಸದಲ್ಲಿ ಸತ್ತರು. 1967ರಲ್ಲಿ ಭಾರೀ ಕಡಿತ, ಹಳೆಯ ಊರ ಬೆಟಾಲಿಯನ್‌ಗಳು ಒಂದರಲ್ಲೊಂದು ಕರಗಿದವು. 2014ರಲ್ಲಿ ಹೆಸರೂ ಬದಲಾಗಿ ಆರ್ಮಿ ರಿಸರ್ವ್ ಆಯ್ತು. ತಮಾಷೆ ನೋಡಿ, ಬ್ರಿಟನ್ ಕೈಬಿಟ್ಟ ಹೆಸರು 1949ರಲ್ಲಿ ಶುರುವಾದ ನಮ್ಮ ಟೆರಿಟೋರಿಯಲ್ ಆರ್ಮಿಯಲ್ಲಿ ಈಗಲೂ ಇದೆ :)

ವಾಪಸ್ ಬರೋ ಮುಂಚೆ ಡಾಲ್‌ಮೆನಿ ಬೀದಿಗೂ ಹೋಗಿದ್ದೆ. ಆ ಡ್ರಿಲ್ ಹಾಲ್ ಈಗ ಕಲಾವಿದರ ಕೇಂದ್ರ. ಒಳಗೊಂದು ಕೆಫೆ, ಮಕ್ಕಳ ಗಲಾಟೆ. ಕಾಫಿ ಕುಡೀತಾ ಆ ನೆಲವನ್ನೇ ನೋಡ್ತಾ ಕೂತೆ.

ನಮ್ಮ ಅಜ್ಜಿ ಒಂದು ಮಾತು ಹೇಳೋರು. ಮದುವೆಗೋ ಜಾತ್ರೆಗೋ ಹೊರಟರೆ, "ಮನೇಲಿರೋರೆಲ್ಲ ಒಂದೇ ಬಸ್ಸಲ್ಲಿ ಹೋಗ್ಬೇಡ್ರೋ" ಅಂತ. ನಾವು ನಗ್ತಿದ್ವಿ, ಜೊತೆಗೆ ಹೋದರೇ ತಾನೇ ಮಜಾ ಅಂತಿದ್ವಿ. ಲೀತ್‌ನ ಹುಡುಗರಿಗೂ ಹಾಗೇ ಅನ್ನಿಸಿರಬೇಕು. ಜೊತೆಗೆ ಹೋಗೋದು ಅನ್ನೋ ಒಂದೇ ಕಾರಣಕ್ಕೆ ಎಷ್ಟು ಜನ ಆ ರೈಲು ಹತ್ತಿದರೋ...

ನಿಮ್ಮೂರಲ್ಲೂ ಇಂಥ ಕಲ್ಲು, ಇಂಥ ಹೆಸರುಗಳ ಪಟ್ಟಿ ಇದ್ದರೆ ಒಮ್ಮೆ ನಿಂತು ಓದಿ. ಸಾಧ್ಯವಾದರೆ ಬರೆದು ತಿಳಿಸಿ.