ಕಲಿತ ಭಾಷೆಯಲ್ಲಿ ಕಥೆ ಬರೆದ ಪ್ರೆಸ್‌ಬರ್ಗರ್

ಮಾತ್ರೆ ಊಟಕ್ಕೆ ಮುಂಚೆಯೋ ಆಮೇಲೋ ಎಂದು ಅರಬ್ಬಿಯಲ್ಲಿ ಸರಿಯಾಗಿ ಹೇಳಲು ನನಗೆ ಎರಡು ವರ್ಷ ಬೇಕಾಯಿತು. ಹಂಗೇರಿಯ ಎಮೆರಿಕ್ ಪ್ರೆಸ್‌ಬರ್ಗರ್ ಮೂವತ್ತು ದಾಟಿದ ಮೇಲೆ ಇಂಗ್ಲಿಷ್ ಕಲಿತು, ಅದೇ ಭಾಷೆಯ ಸಿನಿಮಾಕ್ಕೆ ಕಥೆ ಬರೆದು ಆಸ್ಕರ್ ಪಡೆದರು. ಆ ಚಿತ್ರ ‘ಫಾರ್ಟಿನೈನ್ತ್ ಪ್ಯಾರಲಲ್’.

ಹುಟ್ಟಿದ್ದು 1902ರಲ್ಲಿ, ಮಿಷ್ಕೋಲ್ಟ್ಸ್ ಊರಿನ ಯಹೂದಿ ಮನೆಯಲ್ಲಿ. ಬರ್ಲಿನ್ನಿನ ಉಫಾ ಕಂಪನಿಯಲ್ಲಿ ಚಿತ್ರಕಥೆ ಬರೆಯುತ್ತಿದ್ದರು. 1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ ಮೇಲೆ ಪ್ಯಾರಿಸ್‌ಗೆ ಓಡಿದರು, 1935ರಲ್ಲಿ ಲಂಡನ್. ಅಲ್ಲಿ ಕೆಲಸ ಕೊಟ್ಟವರು ಹಂಗೇರಿಯವರೇ ಆದ ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡಾ. ಊರಿನವರ ಕೈಹಿಡಿದು ಗಲ್ಫ್‌ಗೆ ಬಂದ ನಮಗೆ ಇದು ಹೊಸದೇನಲ್ಲ. ನಿರ್ದೇಶಕ ಮೈಕೆಲ್ ಪವೆಲ್ ಜೊತೆಯಾದದ್ದೂ ಕೊರ್ಡಾ ಮೂಲಕವೇ.

ಇಬ್ಬರೂ ಸೇರಿ 1943ರಲ್ಲಿ ತೆಗೆದ ‘ಕರ್ನಲ್ ಬ್ಲಿಂಪ್’ ಚಿತ್ರವನ್ನು ಚರ್ಚಿಲ್ ತಡೆಯಲು ನೋಡಿದರು. ಅದರಲ್ಲಿ ಥಿಯೋ ಎಂಬ ವಯಸ್ಸಾದ ಜರ್ಮನ್ ಇಂಗ್ಲೆಂಡಿನ ಅಧಿಕಾರಿಯ ಮುಂದೆ ಕೂತು, ದೇಶ ಬಿಟ್ಟದ್ದೇಕೆ ಎಂದು ಮೆಲ್ಲಗೆ ಹೇಳುತ್ತಾನೆ. ಹೆಂಡತಿ ಸತ್ತಳು, ಮಕ್ಕಳು ನಾಜಿಗಳಾದರು. ಪಾಸ್‌ಪೋರ್ಟ್ ಹಿಡಿದು ಕೌಂಟರ್ ಮುಂದೆ ನಿಂತವರೆಲ್ಲ ಈ ದೃಶ್ಯ ನೋಡಬೇಕು. ಬರೆದವರ ಸ್ವಂತ ತಾಯಿ ಆಷ್ವಿಟ್ಜ್ ಶಿಬಿರದಲ್ಲಿ ಸತ್ತರು.

1946ರಲ್ಲಿ ಅವರಿಗೆ ಬ್ರಿಟಿಷ್ ಪೌರತ್ವ ಸಿಕ್ಕಿತು. 1988ರಲ್ಲಿ ಇಂಗ್ಲೆಂಡಿನಲ್ಲೇ ತೀರಿಕೊಂಡರು.

ಇನ್ನೊಂದು ಮಾತು. ಅವರ 1947ರ ‘ಬ್ಲ್ಯಾಕ್ ನಾರ್ಸಿಸಸ್’ ಹಿಮಾಲಯದ ಕಥೆ, ಚಿತ್ರೀಕರಣ ಮಾತ್ರ ಇಂಗ್ಲೆಂಡಿನಲ್ಲಿ. ಅದರಲ್ಲಿ ಯುವ ಜನರಲ್ ಪಾತ್ರ ಮಾಡಿದ ಸಾಬು ನಮ್ಮ ಮೈಸೂರು ಸೀಮೆಯ ಕಾರಾಪುರದ ಮಾವುತರ ಮಗ. ಅವರನ್ನು ಸಿನಿಮಾಕ್ಕೆ ತಂದದ್ದೂ ಅದೇ ಕೊರ್ಡಾ ಕಂಪನಿ.