ಮಂತ್ರಲಿಪಿಕಾರರ ಬೋಗುಣಿಗಳು

ಮೆಸೊಪೊಟೇಮಿಯಾ, ಕ್ರಿ.ಶ. 5ರಿಂದ 8ನೆಯ ಶತಮಾನ

ಟೈಗ್ರಿಸ್-ಯೂಫ್ರೆಟಿಸ್ ನದಿಗಳ ನಡುವಣ ನಾಡಿನಲ್ಲಿ, ಗೃಹಸ್ಥರ ಮನೆಗಳಿಂದ ದುಷ್ಟಶಕ್ತಿಗಳನ್ನು ಉಚ್ಚಾಟಿಸಲೆಂದು ಲಿಪಿಕಾರರು ಸಾಮಾನ್ಯವಾದ ಮಣ್ಣಿನ ಬೋಗುಣಿಯ ಒಳಮೈಯಲ್ಲಿ ಅರಮಾಯಿಕ್ ಭಾಷೆಯ ಮಂತ್ರವನ್ನು ಮಸಿಯಿಂದ ಸುರುಳಿಯಾಗಿ ಬರೆದು, ಹಲವು ವೇಳೆ ನಡುವೆ ಸಂಕೋಲೆ ತೊಟ್ಟ ಪಿಶಾಚಿಯ ಚಿತ್ರವನ್ನೂ ಬಿಡಿಸುತ್ತಿದ್ದರು. ಅದನ್ನು ಹೊಸ್ತಿಲ ಕೆಳಗೋ ಮನೆಯ ಮೂಲೆಯಲ್ಲೋ ಬೋರಲಾಗಿ ಹೂಳುವುದು ರೂಢಿಯಾಗಿದ್ದಿತು. ರಕ್ಷಣೆ ಬೇಡಿದವರನ್ನು ತಾಯಿಯ ಹೆಸರಿನಿಂದ ಗುರುತಿಸಿರುವುದೂ, ಲಿಲಿತ್ ಎಂಬ ಪಿಶಾಚಿಯನ್ನು ಯೆಹೂದ್ಯರ ವಿವಾಹವಿಚ್ಛೇದನ ಪತ್ರದ ಮಾತುಗಳಿಂದಲೇ ಹೊರಗಟ್ಟಿರುವುದೂ ಈ ಬರಹಗಳಲ್ಲಿ ಅತ್ಯಂತ ಮನನೀಯವಾದ ಅಂಶಗಳು. ಕೆಲವು ಬೋಗುಣಿಗಳಲ್ಲಿರುವುದು ಅಕ್ಷರದಂತೆ ತೋರುವ ಬರಿಯ ಗೀಟುಗಳು. ಓದಲಾರದ ಗೃಹಿಣಿಗೆ ಅವೂ ಅಭಯವನ್ನೇ ನೀಡಿದ್ದಿರಬೇಕು. ಬರೆದವರ ಹೆಸರುಗಳು ಬಹುಮಟ್ಟಿಗೆ ಅಜ್ಞಾತ. ಇದೇ ನಾಡಿನ ನಿಪ್ಪುರದ ಉತ್ಖನನದಲ್ಲಿ ದೊರೆತ ಬೋಗುಣಿಗಳ ಪಾಠವನ್ನು ವಿದ್ವಾಂಸರಾದ ಜೇಮ್ಸ್ ಮಾಂಟ್ಗೊಮೆರಿಯವರು 1913ರಲ್ಲಿ ಪ್ರಕಟಿಸಿದರು.