ವೋಲ್ಗಾ ತೀರದ ಬೌದ್ಧರು

ಯೂರೋಪಿನಲ್ಲಿ ಬೌದ್ಧರ ನಾಡೊಂದಿದೆ ಎಂದರೆ ನಮ್ಮಲ್ಲಿ ಹಲವರು ನಂಬಲಿಕ್ಕಿಲ್ಲ. ರಷ್ಯದ ಕಲ್ಮಿಕಿಯ ಅಂಥದು. ಹದಿನೇಳನೆಯ ಶತಮಾನದಲ್ಲಿ ಮಧ್ಯ ಏಷ್ಯದಿಂದ ವೋಲ್ಗಾ ಕಡೆಗೆ ವಲಸೆ ಬಂದ ಮಂಗೋಲ ಮೂಲದ ಈ ಜನ ಟಿಬೆಟ್ಟಿನ ಬೌದ್ಧಮತವನ್ನೂ ಜತೆಗೇ ತಂದರು.

1930ರ ದಶಕದಲ್ಲಿ ಸೋವಿಯತ್ ಆಡಳಿತ ಇವರ ಖುರುಲ್‌ಗಳನ್ನು, ಎಂದರೆ ವಿಹಾರಗಳನ್ನು, ಮುಚ್ಚಿಸಿತು; ಭಿಕ್ಷುಗಳನ್ನು ಸೆರೆಗೆ ತಳ್ಳಿತು. 1943ರ ಡಿಸೆಂಬರ್ 28ರಂದು, ಶತ್ರುವಿಗೆ ನೆರವಾದರೆಂಬ ಆರೋಪ ಹೊರಿಸಿ, ಹಸುಗೂಸು ಮುದುಕರೆನ್ನದೆ ಇಡೀ ಜನಾಂಗವನ್ನೇ ದನ ಸಾಗಿಸುವ ರೈಲುಡಬ್ಬಿಗಳಲ್ಲಿ ತುಂಬಿ ಸೈಬೀರಿಯಕ್ಕೆ ಅಟ್ಟಿತು. ಚಳಿಗೂ ಹಸಿವಿಗೂ ಸಾವಿರಾರು ಮಂದಿ ಸತ್ತರು. 1957ರಲ್ಲಿ ಮರಳಿದವರಿಗೆ ನಾಡು ಸಿಕ್ಕಿತು, ಗುಡಿ ಸಿಕ್ಕಲಿಲ್ಲ. ಅಜ್ಜಿಯರು ಬಚ್ಚಿಟ್ಟ ವಿಗ್ರಹ, ಪಿಸುದನಿಯ ಜಪ, ಮತ ಉಳಿದದ್ದು ಅಷ್ಟರಲ್ಲೇ. ರಾಜಧಾನಿ ಎಲಿಸ್ತಾದಲ್ಲಿ ಬೌದ್ಧ ಸಂಘಕ್ಕೆ ನೋಂದಣಿ ದೊರೆತದ್ದು 1988ರಲ್ಲಿ.

ಮುಂದಿನ ಕಥೆಗೆ ನಮ್ಮ ನಾಡಿನ ನಂಟುಂಟು. 1992ರಲ್ಲಿ ಅಲ್ಲಿಯ ಧರ್ಮಗುರುವಾದ ತೆಲೋ ತುಲ್ಕು ರಿಂಪೋಚೆ ಅಮೆರಿಕದ ಕಲ್ಮಿಕ್ ಮನೆಯಲ್ಲಿ ಹುಟ್ಟಿದರೂ ಎಳವೆಯಲ್ಲೇ ಉತ್ತರ ಕನ್ನಡದ ಮುಂಡಗೋಡಿಗೆ ಬಂದು, ಅಲ್ಲಿಯ ದ್ರೆಪುಂಗ್ ಗೋಮಾಂಗ್ ವಿಹಾರದಲ್ಲಿ ಕಲಿತವರು. (ಹುಬ್ಬಳ್ಳಿ ಬಸ್ಸಿನಲ್ಲಿ ಕೆಂಪು ಬಟ್ಟೆಯ ಬಾಲಭಿಕ್ಷುಗಳನ್ನು ಕಂಡವರು ನಾವೂ ಇದ್ದೇವೆ.) ಎಲಿಸ್ತಾದ ದೊಡ್ಡ ಖುರುಲ್ 2005ರ ಡಿಸೆಂಬರಿನಲ್ಲಿ ಅವರ ಕಾಲದಲ್ಲೇ ತೆರೆಯಿತು. ಯುಕ್ರೇನ್ ಯುದ್ಧವನ್ನು ಒಪ್ಪದ ಅವರಿಗೆ ರಷ್ಯ ‘ವಿದೇಶೀ ಏಜೆಂಟ್’ ಎಂಬ ಹಣೆಪಟ್ಟಿ ಅಂಟಿಸಿತು. 2023ರ ಜನವರಿಯಲ್ಲಿ ಪೀಠ ಬಿಟ್ಟರು. ಅವರ ಬಳಿಕ ಬಂದ ತೆಂಜಿನ್ ಚೋಯ್ದಾಕ್ ಅವರೂ ಓದಿದ್ದು ಅದೇ ಮುಂಡಗೋಡಿನ ವಿಹಾರದಲ್ಲಿ.